ದಿನವಿಡೀ ಮನೆಗೆಲಸ ಮಾಡಿದರೂ ತೂಕ ಏಕೆ ಏರುತ್ತದೆ?

ಬೆಳಗಿನಿಂದ ರಾತ್ರಿಯವರೆಗೆ ಮನೆಗೆಲಸ ಮಾಡಿದರೂ, ಮಿತವಾಗಿ ಉಂಡರೂ ದಪ್ಪಗಾಗುತ್ತಿದ್ದೇನೆ, ಇದು ನನ್ನೊಬ್ಬಳ ಸಮಸ್ಯೆಯೇ ಎಂದು ನೀವು ಕೇಳಿದ್ದೀರಿ. ಖಂಡಿತ ಅಲ್ಲ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ, 15ರಿಂದ 49 ವರ್ಷದೊಳಗಿನ ಮಹಿಳೆಯರಲ್ಲಿ ಅಧಿಕ ತೂಕ ಅಥವಾ ಬೊಜ್ಜು ಇರುವವರ ಪ್ರಮಾಣ 2005-06ರಲ್ಲಿ ಸುಮಾರು ಶೇ. 13ರಷ್ಟಿದ್ದುದು 2019-21ರ ಹೊತ್ತಿಗೆ ಶೇ. 24ಕ್ಕೆ ಮುಟ್ಟಿತ್ತು, ಕರ್ನಾಟಕದಲ್ಲಿ ಅದು ಶೇ. 30.

ನಾನು ಉಡುಪಿಯವಳು. ನಮ್ಮ ಕಡೆಯ ಹಳ್ಳಿಮನೆಗಳಲ್ಲಿ ಹಿಂದೆ ಹೆಂಗಸರು ಆಳದ ಬಾವಿಯಿಂದ ನೀರು ಸೇದಿ, ದೋಸೆಗೂ ಸಾರಿಗೂ ಕಲ್ಲಿನಲ್ಲಿ ಅರೆದು, ದನದ ಹಟ್ಟಿಗೆ ಸೊಪ್ಪು ಹೊತ್ತು ತರುತ್ತಿದ್ದರು. ಈಗ ಪಂಪು, ಗ್ರೈಂಡರು ಬಂದಿವೆ, ಹಟ್ಟಿ ಖಾಲಿಯಾಗಿದೆ. ಆ ಕಷ್ಟ ಮರಳಿ ಬರಲಿ ಎಂದು ನಾನು ಎಂದಿಗೂ ಹೇಳಲಾರೆ. ಆದರೆ ತೋಳು, ಬೆನ್ನು, ತೊಡೆಗಳಿಗೆ ಬಲ ಕೊಡುತ್ತಿದ್ದ ದುಡಿಮೆ ಹೋಗಿ, ಹೊತ್ತು ತಿನ್ನುವ ಕೆಲಸ ಮಾತ್ರ ಉಳಿಯಿತು. ಮಡಿಲಲ್ಲಿ ಮೊರ ಇಟ್ಟುಕೊಂಡು ಬೀಡಿ ಕಟ್ಟುವವರನ್ನು ನೋಡಿ: ಬೆರಳುಗಳು ಬಿಡುವಿಲ್ಲದೆ ಆಡುತ್ತವೆ, ಸೊಂಟದಿಂದ ಕೆಳಗೆ ಗಂಟೆಗಟ್ಟಲೆ ಚಲನೆಯೇ ಇಲ್ಲ. ದಣಿವು ನಿಜ, ವ್ಯಾಯಾಮ ಮಾತ್ರ ಆಗಿರುವುದಿಲ್ಲ.

ಇದನ್ನು ಸೋಮಾರಿತನವೆಂದು ಕರೆಯುವುದು ಅನ್ಯಾಯ. 2024ರ ಸಮಯ ಬಳಕೆ ಸಮೀಕ್ಷೆಯಂತೆ, ವೇತನವಿಲ್ಲದ ಮನೆಗೆಲಸಕ್ಕೆ ಅದನ್ನು ಮಾಡುವ ಮಹಿಳೆಯರು ದಿನಕ್ಕೆ ಸರಾಸರಿ 289 ನಿಮಿಷ ಕೊಟ್ಟರೆ, ಪುರುಷರು ಕೊಡುವುದು 88 ನಿಮಿಷ. ಉಡುಪಿಯ ಅಜ್ಜರಕಾಡು ಮೈದಾನಕ್ಕೆ ಬೆಳಗ್ಗೆ ನಡೆಯಲು ಬರಬೇಕಾದರೆ ಮನೆಯಲ್ಲಿ ತಿಂಡಿಯ ಹೊಣೆಯನ್ನು ಬೇರೆ ಯಾರಾದರೂ ಹೊರಲೇಬೇಕು. ಈ ಮಾತನ್ನು ಮನೆಯವರೊಂದಿಗೆ ಸಂಕೋಚವಿಲ್ಲದೆ ಆಡಿ.

ವಿಶ್ವ ಆರೋಗ್ಯ ಸಂಸ್ಥೆ ವಾರಕ್ಕೆ ಕನಿಷ್ಠ 150 ನಿಮಿಷಗಳ ಮಧ್ಯಮ ಶ್ರಮವನ್ನೂ, ಎರಡು ದಿನ ಸ್ನಾಯುಗಳನ್ನು ಬಲಪಡಿಸುವ ವ್ಯಾಯಾಮವನ್ನೂ ಸೂಚಿಸುತ್ತದೆ. ಎರಡನೆಯದನ್ನು ನಮ್ಮಲ್ಲಿ ಬಹುತೇಕರು ಮರೆತೇಬಿಡುತ್ತಾರೆ. ನಮ್ಮ ಮಳೆಗಾಲದಲ್ಲಿ ಹೊರಗೆ ನಡೆಯುವುದು ಹೇಗೂ ಕಷ್ಟ. ಮನೆಯ ಚಾವಡಿಯಲ್ಲೇ ಕುರ್ಚಿಯಿಂದ ಕೈಯೂರದೆ ಎದ್ದು ಕೂರುವುದನ್ನು, ಗೋಡೆಗೆ ಅಂಗೈ ಒತ್ತಿ ಮೈ ಹಿಂದೆ ಮುಂದೆ ಮಾಡುವುದನ್ನು ರೂಢಿಸಿಕೊಳ್ಳಬಹುದು. ಊಟದಲ್ಲಿ ಕುಚ್ಚಲಕ್ಕಿ ಅನ್ನವನ್ನು ಬಿಡಬೇಕಾಗಿಲ್ಲ, ಬಡಿಸಿಕೊಳ್ಳುವಾಗ ಒಂದು ಸೌಟು ತಗ್ಗಿಸಿ ಹೆಸರುಕಾಳನ್ನೋ ಮೀನನ್ನೋ ಹೆಚ್ಚಿಸಿ.

ತೂಕದ ಜೊತೆಗೆ ಸೊಂಟದ ಸುತ್ತಳತೆಯನ್ನೂ ನೋಡಿಕೊಳ್ಳಿ; ಭಾರತೀಯ ಮಹಿಳೆಯರಿಗೆ 80 ಸೆಂ.ಮೀ. ಮೀರಿದರೆ ಎಚ್ಚರ ಅಗತ್ಯ. ವ್ಯಾಯಾಮ ತೊಡಗುವ ಮೊದಲು ಥೈರಾಯ್ಡ್ ಮತ್ತು ಹಿಮೋಗ್ಲೋಬಿನ್ ಪರೀಕ್ಷೆ ಮಾಡಿಸಿಕೊಳ್ಳಿ. ಅದೇ ಆರೋಗ್ಯ ಸಮೀಕ್ಷೆಯಲ್ಲಿ ದೇಶದ ಶೇ. 57ರಷ್ಟು ಮಹಿಳೆಯರಿಗೆ ರಕ್ತಹೀನತೆ ಕಂಡುಬಂದಿದೆ. ಅಂಥವರು ನಾಲ್ಕು ಹೆಜ್ಜೆ ಬಿರುಸಾಗಿ ಇಟ್ಟರೆ ಏದುಸಿರು ಬಂದು ನಡಿಗೆಯನ್ನೇ ಕೈಬಿಡುತ್ತಾರೆ. ಅವರಿಗೆ ಮೊದಲು ಬೇಕಿರುವುದು ವೈದ್ಯರು ಹೇಳುವ ಚಿಕಿತ್ಸೆ.