ಎದೆ ಡವಡವ ಅಂದರೆ ಲೋಟ ಎಣಿಸಬೇಡಿ, ಪುಡಿ ತೂಗಿ

ಉಡುಪಿಯಲ್ಲಿದ್ದೇನೆ, ದಿನಕ್ಕೆ ನಾಲ್ಕು ಲೋಟ ಫಿಲ್ಟರ್ ಕಾಫಿ, ರಾತ್ರಿ ಎದೆ ಡವಡವ, ಪೂರ್ತಿ ಬಿಡಬೇಕಾ ಅಂತ ಕೇಳಿದ್ದೀರಿ. ನಾನೂ ನಾಲ್ಕು ಲೋಟದವನೇ ಮಾರಾಯ್ರೆ. ಲೋಟ ಎಣಿಸಿದ್ದೇ ನನ್ನ ತಪ್ಪು.

ಮಂಗಳೂರಿನ ನಮ್ಮ ಮನೆಗೆ ಬರುತ್ತಿದ್ದದ್ದು ಅರೇಬಿಕಾ ಪ್ಲಾಂಟೇಶನ್ ಪುಡಿ, 60ಕ್ಕೆ 40 ಚಿಕೋರಿ. ಚಿಕೋರಿ ಕಲಬೆರಕೆ ಅಂತ ಯಾರೋ ಹೇಳಿದರು, ಒಮ್ಮೆ ಚಿಕೋರಿಯೇ ಇಲ್ಲದ ರೋಬಸ್ಟಾ ಹುಡಿ ಮಾಡಿಸಿ ತಂದೆ. ಚಮಚ ಅದೇ, ಫಿಲ್ಟರ್ ಅದೇ, ನನ್ನ ಪಾಲಿಗೆ ದಿನಕ್ಕೆ ಅದೇ 30 ಗ್ರಾಂ. ಲೆಕ್ಕ ನೋಡಿ. ಚಿಕೋರಿ ಒಂದು ಗಿಡದ ಬೇರು, ಅದರಲ್ಲಿ ಕೆಫೀನ್ ಇಲ್ಲ. ಹಳೇ ಪುಡಿಯಲ್ಲಿ ನಿಜವಾದ ಕಾಫಿ ಇದ್ದದ್ದು 18 ಗ್ರಾಂ. ಅರೇಬಿಕಾದಲ್ಲಿ ಕೆಫೀನ್ ಸುಮಾರು ಶೇ. 1.2, ಅಂದರೆ 216 ಮಿ.ಗ್ರಾಂ. ರೋಬಸ್ಟಾದಲ್ಲಿ ಶೇ. 2.2ರ ಆಸುಪಾಸು; 30 ಗ್ರಾಂಗೆ 660. ಇದ್ದದ್ದೆಲ್ಲ ಡಿಕಾಕ್ಷನ್‌ಗೆ ಇಳಿಯುವುದಿಲ್ಲ, ಆದರೂ ಮೂರು ಪಟ್ಟು ಮೂರು ಪಟ್ಟೇ. ಆರೋಗ್ಯವಂತ ವಯಸ್ಕರಿಗೆ ದಿನಕ್ಕೆ 400 ಮಿ.ಗ್ರಾಂ, ಗರ್ಭಿಣಿಯರಿಗೆ 200ರವರೆಗೆ ತೊಂದರೆಯಿಲ್ಲ ಅಂತ ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರ 2015ರಲ್ಲೇ ಹೇಳಿದೆ.

ಸಂಜೆ ಐದಕ್ಕೆ ಗೋಳಿಬಜೆ ಜೊತೆ ಕುಡಿದ ಲೋಟದ ಅರ್ಧ ಕೆಫೀನ್ ರಾತ್ರಿ ಹತ್ತಕ್ಕೂ ರಕ್ತದಲ್ಲೇ ಇರುತ್ತದೆ. ಎಡಮಗ್ಗುಲಲ್ಲಿ ಮಲಗಿದರೆ ಒಂದು ಬಡಿತ ತಪ್ಪಿ ಮುಂದಿನದು ಒಳಗಿಂದ ಗುದ್ದಿದ ಹಾಗೆ. ಇಸಿಜಿ, ಎಕೋ, 24 ಗಂಟೆ ಬಡಿತ ದಾಖಲಿಸುವ ಹೋಲ್ಟರ್ ಎಲ್ಲ ಆಯಿತು. ಹೃದಯದ ಕೆಳ ಕೋಣೆಯಿಂದ ಹೆಚ್ಚುವರಿ ಬಡಿತ, ಬೇರೇನೂ ಇಲ್ಲ. ಕಾಫಿ ಎಷ್ಟು ಅಂತ ಡಾಕ್ಟರು ಕೇಳಿದಾಗ "ನಾಲ್ಕೇ ಲೋಟ, ಮೊದಲಿನಷ್ಟೇ" ಅಂದೆ. ಪುಡಿ ಬದಲಾದದ್ದು ಹೇಳಲಿಲ್ಲ. ಆ ಒಂದು ಮಾತಿಗೆ ಎರಡು ತಿಂಗಳು ಬೀಟಾ ಬ್ಲಾಕರ್, ಅಂದರೆ ಹೃದಯ ಬಡಿತ ನಿಧಾನ ಮಾಡುವ ಮಾತ್ರೆ, ನುಂಗಿದೆ.

ಆದ್ದರಿಂದ "ಬಿಡಬೇಕಾ" ಅನ್ನುವ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. 2023ರಲ್ಲಿ ಪ್ರಕಟವಾದ ಕ್ರೇವ್ ಅಧ್ಯಯನದಲ್ಲಿ 100 ಜನರಿಗೆ ಕೆಲವು ದಿನ ಕಾಫಿ ಕೊಟ್ಟು, ಕೆಲವು ದಿನ ಬಿಡಿಸಿ ನೋಡಿದರು. ಕಾಫಿ ಕುಡಿದ ದಿನ ಮೇಲಿನ ಕೋಣೆಯ ಹೆಚ್ಚುವರಿ ಬಡಿತ ಗಮನಾರ್ಹವಾಗಿ ಏರಲಿಲ್ಲ. ಕೆಳಗಿನದ್ದು ಸುಮಾರು ಒಂದೂವರೆ ಪಟ್ಟಾಯಿತು, ನಿದ್ದೆ ಸುಮಾರು 36 ನಿಮಿಷ ಇಳಿಯಿತು. ನನ್ನ ಪ್ರಕಾರ ನಿಮ್ಮ ಮೊದಲ ಶತ್ರು ಸಂಜೆಯ ಲೋಟ. ಕೊನೆಯ ಕಾಫಿ ಮಧ್ಯಾಹ್ನ ಎರಡಕ್ಕೆ ಮುಗಿಯಲಿ.

ಪ್ಯಾಕೆಟ್ ಮೇಲೆ ಚಿಕೋರಿ ಶೇಕಡಾ ಬರೆದಿರುತ್ತದೆ, ಓದಿ. ಬಿಡಿಯಾಗಿ ತರುವುದಾದರೆ ರೋಬಸ್ಟಾ ಎಷ್ಟು ಹಾಕಿದ್ದಾರೆ ಅಂತ ಅಂಗಡಿಯಲ್ಲೇ ಕೇಳಿ. ಒಂದೇ ದಿನ ನಿಲ್ಲಿಸಬೇಡಿ, ಮರುದಿನವೇ ತಲೆ ಸಿಡಿಯುತ್ತದೆ. ನಾಲ್ಕು ದಿನಕ್ಕೊಮ್ಮೆ ಐದೈದು ಗ್ರಾಂ ಇಳಿಸಿ. ಬಿಪಿ ನೋಡಿಸುವ ಮೊದಲು ಅರ್ಧ ಗಂಟೆ ಕಾಫಿ ಬೇಡ, ಸುಳ್ಳು ಏರಿಕೆ ತೋರಿಸುತ್ತದೆ. ಎಲ್‌ಡಿಎಲ್ (ಕೆಟ್ಟ ಕೊಲೆಸ್ಟ್ರಾಲ್) ಜಾಸ್ತಿ ಇದ್ದರೆ ಇನ್ನೊಂದು ವಿಷಯ ಉಂಟು: ಕಾಫಿ ಎಣ್ಣೆಯಲ್ಲಿರುವ ಕೆಫೆಸ್ಟಾಲ್ ಅದನ್ನು ಏರಿಸುತ್ತದೆ. ಕಾಗದದ ಫಿಲ್ಟರ್ ಅದನ್ನು ಹಿಡಿದಿಡುವಷ್ಟು ನಮ್ಮ ಸ್ಟೀಲ್ ಫಿಲ್ಟರಿನ ತೂತುಗಳು ಹಿಡಿಯುವುದಿಲ್ಲ.

ಬಡಿತ ತಪ್ಪುವುದರ ಜೊತೆ ಎದೆನೋವು, ಏದುಸಿರು, ಕಣ್ಣು ಕತ್ತಲೆ ಬಂದರೆ ಈ ಲೆಕ್ಕವೆಲ್ಲ ಬದಿಗಿಟ್ಟು ಆಗಲೇ ಆಸ್ಪತ್ರೆಗೆ ಹೋಗಿ. ಇಲ್ಲವಾದರೆ ಸಂಜೆ ಐದಕ್ಕೆ ನಮ್ಮೂರಿನ ಕೊತ್ತಂಬರಿ-ಜೀರಿಗೆ ಕಷಾಯ ಮಾಡಿ: ಒಂದು ಲೋಟ ನೀರಿಗೆ ಒಂದು ಚಮಚ ಹುಡಿ, ಚೂರು ಬೆಲ್ಲ, ಕುದಿ ಬಂದ ಮೇಲೆ ಹಾಲು. ಗೋಳಿಬಜೆಗೆ ಅದೂ ಚೆನ್ನಾಗಿ ಹೊಂದುತ್ತದೆ.