ಅಣ್ಣನ ಮಗಳಿಗೆ ಆಸರೆ ಕೊಟ್ಟರೆ ಅಪಹರಣವೇ?

ಪ್ರಶ್ನೆ: ಗಂಗಾವತಿಯಲ್ಲಿ ಬಟ್ಟೆ ಹೊಲಿದು ಜೀವನ ಮಾಡುತ್ತಿದ್ದೇನೆ. ಗಂಡ ತೀರಿಕೊಂಡಿದ್ದಾರೆ. 22 ವರ್ಷದ ಮಗ ರೈಸ್ ಮಿಲ್ಲಿಗೆ ಹೋಗುತ್ತಾನೆ. ನನ್ನ ತವರು ಸಿಂಧನೂರು ತಾಲ್ಲೂಕಿನ ಹಳ್ಳಿ. ಅಣ್ಣನ ಮಗಳಿಗೆ 17 ತುಂಬಿದೆ, ಈಗಷ್ಟೇ ದ್ವಿತೀಯ ಪಿಯುಸಿ ಪರೀಕ್ಷೆ ಬರೆದಿದ್ದಾಳೆ. ಅಣ್ಣ, ಅತ್ತಿಗೆ ಬೆಂಗಳೂರಿಗೆ ಗುಳೆ ಹೋಗುವ ಮುಂಚೆ ಅವಳನ್ನು ಸೋದರಮಾವನಿಗೆ ಕೊಟ್ಟು ಮದುವೆ ಮುಗಿಸಲು ಮುಹೂರ್ತ ಇಡಿಸಿದ್ದಾರೆ. ಅವಳು ಫೋನಿನಲ್ಲಿ ಅತ್ತಾಗ "ಅಂಜಬೇಡ, ನಾನಿದ್ದೇನೆ, ನರ್ಸಿಂಗ್ ಓದಿಸುತ್ತೇನೆ" ಎಂದಿದ್ದೆ. ಮೊನ್ನೆ ಒಬ್ಬಳೇ ಬಸ್ ಹತ್ತಿ ನನ್ನ ಮನೆಗೆ ಬಂದುಬಿಟ್ಟಳು. "ನಿನ್ನ ಮಗನಿಗೆ ಕಟ್ಟಬೇಕೆಂದು ನನ್ನ ಮಗಳನ್ನು ಪುಸಲಾಯಿಸಿ ಕರೆಸಿಕೊಂಡಿದ್ದೀಯ, ಕಿಡ್ನ್ಯಾಪ್ ಕೇಸು ಹಾಕಿಸುತ್ತೇನೆ" ಎಂದು ಅಣ್ಣ ಬೆದರಿಸುತ್ತಿದ್ದಾನೆ. ಗಲಾಟೆ ತಣ್ಣಗಾಗುವವರೆಗೆ ಹೊಸಪೇಟೆಯ ಪರಿಚಯದವರ ಮನೆಯಲ್ಲಿ ಬಿಡು ಎಂದು ನೆರೆಯವರು ಹೇಳುತ್ತಾರೆ. ಏನು ಮಾಡಲಿ?
— ಹೆಸರು ಬೇಡ, ಗಂಗಾವತಿ

ಉತ್ತರ: ತಾಯಿ, ನಿಮ್ಮ ಪತ್ರ ಕೈಸೇರಿದ ದಿನವೇ ಮುಖ್ಯವಾದದ್ದನ್ನು ಫೋನಿನಲ್ಲಿ ಹೇಳಿದ್ದೇನೆ. ಇದೇ ಸಂಕಟದಲ್ಲಿ ಇರುವ ಬೇರೆ ಅತ್ತೆಯರು, ಚಿಕ್ಕಮ್ಮಂದಿರು ನಮ್ಮ ಜಿಲ್ಲೆಗಳಲ್ಲಿ ಇದ್ದಾರೆ. ಅವರಿಗೂ ತಿಳಿಯಲೆಂದು ಇಲ್ಲಿ ವಿವರವಾಗಿ ಬರೆಯುತ್ತಿದ್ದೇನೆ.

ಹುಡುಗಿಯನ್ನು ಹೊಸಪೇಟೆಗೆ ಮಾತ್ರ ಕಳಿಸಬೇಡಿ. ನಿಮ್ಮ ಮನೆಗೆ ಅವಳು ತಾನಾಗಿ ಬಂದಳು. ಇಲ್ಲಿಂದ ಇನ್ನೊಂದು ಊರಿಗೆ ನೀವೇ ಸಾಗಿಸಿದರೆ ಆ ಮಾತು ಅಲ್ಲಿಗೇ ಬಿದ್ದುಹೋಗುತ್ತದೆ. ಅಣ್ಣ ಹೊರಿಸುತ್ತಿರುವ ಆರೋಪಕ್ಕೆ ನೀವೇ ಸಾಕ್ಷಿ ಒದಗಿಸಿದಂತೆ ಆಗುತ್ತದೆ.

ಕಾನೂನು ಏನು ಹೇಳುತ್ತದೆ ನೋಡಿ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 137ನೇ ಸೆಕ್ಷನ್ ಪ್ರಕಾರ, 18 ತುಂಬದ ಮಗುವನ್ನು ಕಾನೂನುಬದ್ಧ ಪಾಲಕರ ಒಪ್ಪಿಗೆಯಿಲ್ಲದೆ ಅವರ ಸುಪರ್ದಿನಿಂದ ಕರೆದೊಯ್ದರೂ ಅಪಹರಣ, ಪುಸಲಾಯಿಸಿ ಹೊರಡಿಸಿದರೂ ಅಪಹರಣ. ಏಳು ವರ್ಷದವರೆಗೆ ಜೈಲು, ಜೊತೆಗೆ ದಂಡ. ಹಳೆಯ ದಂಡಸಂಹಿತೆಯ 361ನೇ ಸೆಕ್ಷನ್‌ನಲ್ಲಿ ಗಂಡುಮಕ್ಕಳಿಗೆ 16, ಹೆಣ್ಣುಮಕ್ಕಳಿಗೆ 18 ಎಂದಿತ್ತು. ಈಗ ಇಬ್ಬರಿಗೂ 18. ಕೈಹಿಡಿದು ಎಳೆಯಬೇಕೆಂದಿಲ್ಲ, ಹೆದರಿಸಬೇಕೆಂದೂ ಇಲ್ಲ. "ನಾನೇ ಇಷ್ಟಪಟ್ಟು ಬಂದೆ" ಎಂದು ಹುಡುಗಿ ಹೇಳಿದರೆ ಸಾಕು ಎಂದು ಬಹಳ ಜನ ನಂಬಿದ್ದಾರೆ. ಸಾಲದು. ಕಾನೂನು ಕೇಳುವುದು ಪಾಲಕರ ಒಪ್ಪಿಗೆಯನ್ನು, ಮಗುವಿನ ಒಪ್ಪಿಗೆಯನ್ನಲ್ಲ. ನಿಮ್ಮ ಉದ್ದೇಶ ಒಳ್ಳೆಯದು ಎಂಬುದೊಂದರಿಂದಲೇ ನೀವು ಪಾರಾಗುವುದಿಲ್ಲ. ಮಗುವನ್ನು ಇಟ್ಟುಕೊಳ್ಳುವ ಹಕ್ಕು ತನಗಿದೆ ಎಂದು ಪ್ರಾಮಾಣಿಕವಾಗಿ ನಂಬಿದವರಿಗೆ ವಿನಾಯಿತಿ ಇದೆ, ನಿಜ. ಆದರೆ ಸೋದರತ್ತೆ ಎಂದ ಮಾತ್ರಕ್ಕೆ ಆ ಹಕ್ಕು ಬಂದುಬಿಡುವುದಿಲ್ಲ.

ಹಾಗಾದರೆ ನೀವು ಅಪರಾಧಿಯೇ? ನನಗೆ ಹಾಗೆ ಅನ್ನಿಸುವುದಿಲ್ಲ. 1964ರಲ್ಲಿ ಮದ್ರಾಸಿನ ವರದರಾಜನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ವ್ಯತ್ಯಾಸ ಗುರುತಿಸಿತು. 18ಕ್ಕೆ ಹತ್ತಿರವಾದ, ತಾನೇನು ಮಾಡುತ್ತಿದ್ದೇನೆಂದು ಬಲ್ಲ ಹುಡುಗಿ ತಾನಾಗಿ ಮನೆಬಿಟ್ಟು ಬಂದಾಗ ಜೊತೆಗಿರಲು ಬಿಟ್ಟದ್ದು ಬೇರೆ, ಕರೆದೊಯ್ದದ್ದು ಬೇರೆ ಎಂದಿತು. ಆರೋಪಿಯ ಕಡೆಯಿಂದ ಯಾವುದಾದರೂ ಪ್ರೇರಣೆ ಇತ್ತೆಂದು ತೋರಿಸಬೇಕು. ಆದರೆ 1973ರಲ್ಲಿ ಗುಜರಾತಿನ ವಡಗಾಮಾ ಪ್ರಕರಣದಲ್ಲಿ ಅದೇ ನ್ಯಾಯಾಲಯ ಮತ್ತೊಂದು ಮುಖ ತೋರಿಸಿತು. ಅಲ್ಲಿ ಉದ್ಯಮಿಯೊಬ್ಬ ಬಹಳ ದಿನಗಳಿಂದ ಉಡುಗೊರೆ ಕೊಟ್ಟು, ಆಸೆ ಹುಟ್ಟಿಸಿ ಬಾಲಕಿಯ ಮನಸ್ಸನ್ನು ತನ್ನತ್ತ ತಿರುಗಿಸಿಕೊಂಡಿದ್ದ. ಕೊನೆಯ ದಿನ ಅವಳು ತಾನೇ ನಡೆದು ಬಂದಿದ್ದರೂ ಅವನಿಗೆ ಶಿಕ್ಷೆ ತಪ್ಪಲಿಲ್ಲ.

ನಿಮ್ಮ ವಿಷಯ ಈ ಎರಡರಲ್ಲಿ ಮೊದಲನೆಯದಕ್ಕೆ ಹತ್ತಿರ. ಆದರೂ "ನರ್ಸಿಂಗ್ ಓದಿಸುತ್ತೇನೆ" ಎಂಬ ನಿಮ್ಮ ಮಾತನ್ನು ಎದುರು ವಕೀಲರು ಹಿಡಿದು ಜಗ್ಗಿಯೇ ಜಗ್ಗುತ್ತಾರೆ. ಅಳುವ ಮಗುವಿಗೆ ಸೋದರತ್ತೆ ಧೈರ್ಯ ಹೇಳುವುದು ಪುಸಲಾವಣೆಯಲ್ಲ ಎಂದೇ ನನ್ನ ನಂಬಿಕೆ. ಹಾಗೆಂದು ಆ ಮಾತನ್ನು ಮುಚ್ಚಿಡಬೇಡಿ, ಯಾರು ಕೇಳಿದರೂ ಆಡಿದ್ದನ್ನು ಆಡಿದಂತೆಯೇ ಹೇಳಿ. ಮೊಬೈಲಿನಲ್ಲಿರುವ ಕರೆ, ಸಂದೇಶಗಳನ್ನು ಅಳಿಸಬೇಡಿ. ಮದುವೆ ಬೇಡವೆಂದು ಅವಳು ಅತ್ತು ಫೋನ್ ಮಾಡಿದ್ದು ಮೊದಲು ಎಂಬುದು ಅವುಗಳಿಂದಲೇ ತಿಳಿಯುತ್ತದೆ. ಅವಳ ಪರ್ಸಿನಲ್ಲಿ ಶಕ್ತಿ ಯೋಜನೆಯ ಶೂನ್ಯ ದರದ ಬಸ್ ಟಿಕೆಟ್ ಇದೆಯೇ ಹುಡುಕಿ. ಎಲ್ಲಿ ಹತ್ತಿದಳು, ಎಷ್ಟು ಹೊತ್ತಿಗೆ ಎಂಬುದು ಅದರಲ್ಲಿ ಅಚ್ಚಾಗಿರುತ್ತದೆ. ಆ ಚೀಟಿಯನ್ನು ಜೋಪಾನವಾಗಿ ಎತ್ತಿಡಿ.

ಇನ್ನು ನಿಮ್ಮ ಮಗನ ಮಾತು. ಕೇಳುವುದು ನನಗೂ ಕಷ್ಟ, ಆದರೆ ಕೇಳಲೇಬೇಕು. ಅವಳನ್ನು ಸೊಸೆ ಮಾಡಿಕೊಳ್ಳುವ ಆಸೆ ನಿಮ್ಮ ಮನಸ್ಸಿನ ಯಾವ ಮೂಲೆಯಲ್ಲಾದರೂ ಇದೆಯೇ? ಅತ್ತೆಯ ಮಗನಿಗೆ ಕೊಡುವುದು ನಮ್ಮ ಕಡೆ ರೂಢಿ, ಅದಕ್ಕೇ ನಿಮ್ಮ ಅಣ್ಣನ ಅನುಮಾನವನ್ನು ಊರು ಸುಲಭವಾಗಿ ನಂಬುತ್ತದೆ. ಅಂಥ ಆಸೆ ಇದ್ದರೆ ಈಗಲೇ ಬಿಟ್ಟುಬಿಡಿ. ಅವಳಿಗೆ 18 ತುಂಬುವ ಮೊದಲು ಏನಾದರೂ ಸಂಬಂಧ ಬೆಳೆದರೆ ನಿಮ್ಮ ಮಗ ಪೋಕ್ಸೊ ಕಾಯ್ದೆಯಡಿ ಸಿಕ್ಕಿಬೀಳುತ್ತಾನೆ. ಅಲ್ಲಿಯೂ ಅವಳ ಒಪ್ಪಿಗೆಗೆ ಬೆಲೆಯಿಲ್ಲ. ಆಸೆ ಇಲ್ಲವಾದರೂ ಈ ವಿಷಯ ಇತ್ಯರ್ಥವಾಗುವ ತನಕ ಅವನು ರಾತ್ರಿ ಗೆಳೆಯರ ಕೋಣೆಯಲ್ಲಿ ಮಲಗಲಿ.

ಮಗುವನ್ನು ಮನೆಯಲ್ಲಿಟ್ಟುಕೊಂಡು ಅಣ್ಣನೊಡನೆ ಫೋನಿನಲ್ಲಿ ಜಗಳವಾಡುವುದನ್ನು ಇಂದೇ ನಿಲ್ಲಿಸಿ. ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ, ಅವಳನ್ನು ಕೊಪ್ಪಳದ ಮಕ್ಕಳ ಕಲ್ಯಾಣ ಸಮಿತಿಯ ಮುಂದೆ ಹಾಜರುಪಡಿಸಿ. ವಯಸ್ಸಿಗೆ ಮುಂಚೆ ಮದುವೆಯ ಅಪಾಯ ತಲೆಯ ಮೇಲಿರುವ ಮಗು 2015ರ ಬಾಲನ್ಯಾಯ ಕಾಯ್ದೆಯ ಪ್ರಕಾರ ಪಾಲನೆ, ರಕ್ಷಣೆ ಬೇಕಾದ ಮಗು. ಅಂಥ ಮಗುವನ್ನು ಸಮಿತಿಗೆ ಕರೆತರಲು ಯಾವ ಸಾಮಾನ್ಯ ನಾಗರಿಕರಿಗೂ ಅವಕಾಶವಿದೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಜೊತೆಗಿರಲಿ, ವಯಸ್ಸು ತೀರ್ಮಾನಿಸಲು ಆಧಾರ್‌ಗಿಂತ ಶಾಲೆಯ ದಾಖಲೆಗೆ ಹೆಚ್ಚು ತೂಕ. ಸಮಿತಿ ಅವಳೊಡನೆ ಮಾತನಾಡುತ್ತದೆ, ನಿಮ್ಮ ಮನೆಯನ್ನು ವಿಚಾರಿಸುತ್ತದೆ. ಕೆಲವು ದಿನ ಬಾಲಕಿಯರ ಬಾಲಮಂದಿರದಲ್ಲಿ ಇರಿಸಲೂಬಹುದು. ಆ ದಿನಗಳು ನಿಮಗೆ ಸಂಕಟ ತರುತ್ತವೆ, ಅವಳಿಗೂ ಹೆದರಿಕೆಯಾಗುತ್ತದೆ, ಮೊದಲೇ ತಿಳಿಸಿ ಹೇಳಿ. ಯೋಗ್ಯ ವ್ಯಕ್ತಿ ಎಂದು ಒಪ್ಪಿ ಸಮಿತಿ ನಿಮ್ಮ ಸುಪರ್ದಿಗೇ ಕೊಟ್ಟರೆ ಚಿತ್ರ ಪೂರ್ತಿ ಬದಲಾಗುತ್ತದೆ. ಏಕೆಂದರೆ ಕಾನೂನುಬದ್ಧವಾಗಿ ಮಗುವಿನ ಹೊಣೆ ವಹಿಸಿಕೊಂಡವರನ್ನೂ ಅದೇ 137ನೇ ಸೆಕ್ಷನ್ ಪಾಲಕರೆಂದು ಎಣಿಸುತ್ತದೆ. ಆಮೇಲೆ ನಿಮ್ಮ ಮನೆಯಿಂದ ಅವಳನ್ನು ಎತ್ತಿಕೊಂಡು ಹೋಗುವವರ ತಲೆಯ ಮೇಲೆಯೇ ಆ ಸೆಕ್ಷನ್ ಕೂರುತ್ತದೆ.

ಮದುವೆ ನಿಲ್ಲಿಸಲು ಬೇರೆ ದಾರಿ ಇದೆ. 2006ರ ಬಾಲ್ಯವಿವಾಹ ನಿಷೇಧ ಕಾಯ್ದೆಯಡಿ ಮ್ಯಾಜಿಸ್ಟ್ರೇಟರು ತಡೆಯಾಜ್ಞೆ ಕೊಡಬಹುದು. ಕರ್ನಾಟಕದ ತಿದ್ದುಪಡಿಯಿಂದಾಗಿ ನಮ್ಮ ರಾಜ್ಯದಲ್ಲಿ ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು. ಮದುವೆ ಮಾಡಿಸಿದವರಿಗೆ, ತಂದೆಗೂ ಸೇರಿ, ಎರಡು ವರ್ಷದವರೆಗೆ ಕಠಿಣ ಸಜೆ, ಒಂದು ಲಕ್ಷ ರೂಪಾಯಿವರೆಗೆ ದಂಡ ಇದೆ. ಇದನ್ನು ನಿಮ್ಮ ಅಣ್ಣನಿಗೆ ಬೆದರಿಕೆಯಾಗಿ ಹೇಳಬೇಡಿ. ಬೆಳೆದ ಮಗಳನ್ನು ಊರಲ್ಲಿ ಒಬ್ಬಳೇ ಬಿಟ್ಟು ಗುಳೆ ಹೋಗುವುದು ಹೇಗೆ ಎಂಬ ಅವನ ಅಂಜಿಕೆ ನಿಜವಾದದ್ದೇ. ಅವಳನ್ನು ಸರ್ಕಾರಿ ವಿದ್ಯಾರ್ಥಿನಿಲಯಕ್ಕೆ ಸೇರಿಸಬಹುದೇ ಎಂದು ಸಮಿತಿಯ ಮುಂದೆ ನೀವೇ ಕೇಳಿ. ಅವನಿಗೆ ಬೇಕಿರುವುದು ಅದೇ ಉತ್ತರ.

ಪೊಲೀಸರು ಕರೆದರೆ ಹೋಗಿ, ತಲೆತಪ್ಪಿಸಿಕೊಳ್ಳಬೇಡಿ. ಅದಕ್ಕೆ ಮೊದಲು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಕೀಲರನ್ನು ಕೇಳಿಕೊಳ್ಳಿ. ಹೆಣ್ಣುಮಕ್ಕಳಿಗೆ ಅದು ಉಚಿತ, 15100 ಸಂಖ್ಯೆಗೆ ಕರೆ ಮಾಡಿದರೂ ಆಗುತ್ತದೆ. ಸಮಿತಿಗೆ ಕೊಡುವ ಅರ್ಜಿಯ ಒಂದು ಪ್ರತಿಗೆ ಸೀಲು ಹಾಕಿಸಿ ನಿಮ್ಮ ಬಳಿಯೇ ಇಟ್ಟುಕೊಳ್ಳಿ.