‘ಇರಬಹುದು’ ಎಂಬಲ್ಲಿಂದ ‘ಇರಲೇಬೇಕು’ ಎಂಬಲ್ಲಿಗೆ

ಪ್ರಿಯ ಕಥೆಗಾರರೇ,

‘ಕೊನೆಗೆ ಕಂಡವರು’ ಎಂಬ ನಿಮ್ಮ ಹದಿನಾಲ್ಕು ಪುಟಗಳ ಕಥೆಯನ್ನು ಎರಡು ಬಾರಿ ಓದಿದೆ. ಈಗಿರುವ ರೂಪದಲ್ಲಿ ಅದನ್ನು ನಮ್ಮ ಮಾಸಪತ್ರಿಕೆಯಲ್ಲಿ ಪ್ರಕಟಿಸಲು ಆಗುವುದಿಲ್ಲ. ಆದರೂ ಒಂದು ಸಾಲಿನ ವಿಷಾದ ಪತ್ರ ಕಳಿಸಿ ಸುಮ್ಮನಾಗಲು ಮನಸ್ಸಾಗಲಿಲ್ಲ. ಅದಕ್ಕೆ ಕಾರಣ ನಿಮ್ಮ ಆರನೆಯ ಪುಟ.

ಕಾಮಾಕ್ಷಿಪಾಳ್ಯದ ಲೇತ್ ವರ್ಕ್‌ಶಾಪಿನ ಮಾಲೀಕ ಕಾಣೆಯಾಗುತ್ತಾನೆ, ನಾಲ್ಕು ದಿನಗಳ ಬಳಿಕ ವೃಷಭಾವತಿಯ ದಂಡೆಯಲ್ಲಿ ಶವ ಸಿಗುತ್ತದೆ. ಕಾಣೆಯಾದ ರಾತ್ರಿ ಅವನೊಂದಿಗೆ ಟೀ ಕುಡಿದಿದ್ದ ಕೆಲಸಗಾರನಿಗೆ ಸೆಷನ್ಸ್ ನ್ಯಾಯಾಲಯ ಜೀವಾವಧಿ ಶಿಕ್ಷೆ ವಿಧಿಸುತ್ತದೆ, ಹೈಕೋರ್ಟಿನಲ್ಲಿ ಯುವ ವಕೀಲೆಯೊಬ್ಬಳು ಅವನನ್ನು ಬಿಡಿಸುತ್ತಾಳೆ. ಚಾಕು ಜಪ್ತಿಯ ಮಹಜರಿಗೆ ಟೀ ಅಂಗಡಿಯ ಹುಡುಗನನ್ನೇ ಪಂಚನಾಗಿ, ಅಂದರೆ ಜಪ್ತಿಯ ಸಾಕ್ಷಿಯಾಗಿ, ಕರೆಸುವ ದೃಶ್ಯ ಆರನೆಯ ಪುಟದಲ್ಲಿದೆ. ಬೈಕಿನ ಸೀಟಿನ ಮೇಲೆ ಹಾಳೆ ಇಡುತ್ತಾರೆ, ಮೊದಲ ಪಂಚ ಬಳಸಿದ ಪೆನ್ನನ್ನೇ ಇವನ ಕೈಗೆ ಕೊಡುತ್ತಾರೆ. ಸಹಿಯ ಜಾಗದ ಮೇಲೆ ಅರ್ಧ ಹಾಳೆ ಖಾಲಿ ಇದೆ. ಬೆರಳಿಗಂಟಿದ ಡಿಕಾಕ್ಷನ್ ಹಾಳೆಗೆ ತಾಗಬಾರದೆಂದು ಅಂಗೈ ಎತ್ತಿ ಹಿಡಿದು ಅವನು ಹೆಸರು ಬರೆಯುತ್ತಾನೆ. ಇಷ್ಟು ನಿಖರವಾಗಿ ಬರೆಯಬಲ್ಲ ನೀವು ಉಳಿದ ಪುಟಗಳಲ್ಲಿ ಏಕೆ ಇಷ್ಟು ಗದ್ದಲ ಎಬ್ಬಿಸಿದ್ದೀರಿ ಎಂಬುದೇ ನನ್ನ ಪ್ರಶ್ನೆ.

ಮೊದಲ ದೊಡ್ಡ ತಪ್ಪು ಹೈಕೋರ್ಟಿನ ದೃಶ್ಯದಲ್ಲಿದೆ. ನಿಮ್ಮ ವಕೀಲೆ ಅಠಾರ ಕಚೇರಿಯ ಕೋರ್ಟ್ ಹಾಲಿನಲ್ಲಿ ತನಿಖಾಧಿಕಾರಿಯನ್ನು ಕಟಕಟೆಗೆ ಕರೆಸಿ ಪಾಟೀಸವಾಲು ಮಾಡುತ್ತಾಳೆ, ಅವನು ಬೆವರುತ್ತಾ ಲಂಚ ಪಡೆದದ್ದನ್ನು ಒಪ್ಪಿಕೊಳ್ಳುತ್ತಾನೆ. ಮೇಲ್ಮನವಿಯಲ್ಲಿ ಹೀಗಾಗುವುದಿಲ್ಲ. ಹೆಚ್ಚುವರಿ ಸಾಕ್ಷ್ಯಕ್ಕೆ ಅವಕಾಶವಿದ್ದರೂ ಅದು ತೀರ ಅಪರೂಪ. ಸಾಮಾನ್ಯವಾಗಿ ಇಬ್ಬರು ನ್ಯಾಯಮೂರ್ತಿಗಳ ಪೀಠದ ಮುಂದಿರುವುದು ಕೆಳಗಿನ ನ್ಯಾಯಾಲಯದ ದಾಖಲೆ ಮಾತ್ರ. ಸಾಕ್ಷಿಗಳು ಅಂದು ನುಡಿದದ್ದು, ಮಹಜರು, ಮರಣೋತ್ತರ ಪರೀಕ್ಷೆಯ ವರದಿ, ಮಡಿವಾಳದ ವಿಧಿವಿಜ್ಞಾನ ಪ್ರಯೋಗಾಲಯದಿಂದ ಬಂದ ವರದಿ, ಇವುಗಳ ಪುಟಗಳನ್ನು ಒಂದರ ಪಕ್ಕ ಇನ್ನೊಂದನ್ನಿಟ್ಟು ಓದುವುದೇ ಅಲ್ಲಿನ ಕೆಲಸ. ಇದು ಕಥೆಗೆ ಅಡ್ಡಿ ಎಂದು ದಯವಿಟ್ಟು ಭಾವಿಸಬೇಡಿ. ಆರನೆಯ ಪುಟದಲ್ಲಿ ಖಾಲಿ ಇದ್ದ ಆ ಅರ್ಧ ಹಾಳೆ ವರ್ಷಗಳ ನಂತರ, ತುಂಬಿದ ಅಕ್ಷರಗಳೊಂದಿಗೆ, ಇಬ್ಬರು ಅಪರಿಚಿತರ ಮುಂದೆ ತೆರೆದುಕೊಳ್ಳುತ್ತದೆ. ಸಹಿಯ ಹತ್ತಿರ ಬರುತ್ತಿದ್ದಂತೆ ಸಾಲುಗಳು ಒತ್ತಾಗಿರುವುದು ನಿಮ್ಮ ವಕೀಲೆಯ ಕಣ್ಣಿಗೆ ಬೀಳಲಿ.

ಎರಡನೆಯದು ಇದಕ್ಕಿಂತ ಆಳದ ತಪ್ಪು. ತನಿಖೆ ದೋಷಪೂರಿತವಾಗಿದೆ, ಆದ್ದರಿಂದ ಆರೋಪಿಯನ್ನು ಬಿಡಬೇಕು ಎಂದು ವಕೀಲೆ ವಾದಿಸುತ್ತಾಳೆ, ಪೀಠ ಒಪ್ಪುತ್ತದೆ. ತನಿಖೆಯ ಲೋಪವೊಂದೇ ಖುಲಾಸೆಗೆ ಸಾಲದು ಎಂದು ಸುಪ್ರೀಂ ಕೋರ್ಟ್ ಅನೇಕ ಬಾರಿ ಹೇಳಿದೆ. ಲೋಪವನ್ನು ಬದಿಗಿಟ್ಟರೂ ಉಳಿದ ಸಾಕ್ಷ್ಯ ಗಟ್ಟಿಯಾಗಿದ್ದರೆ ಶಿಕ್ಷೆ ನಿಲ್ಲುತ್ತದೆ. ಹಾಗಾಗಿ ಯಾವ ಲೋಪದಿಂದ ಯಾವ ಕೊಂಡಿ ಕಳಚಿತು ಎಂಬುದನ್ನು ನೀವು ತೋರಿಸಲೇಬೇಕು. ಕೊಲೆಯನ್ನು ಕಣ್ಣಾರೆ ಕಂಡವರಿಲ್ಲದಾಗ ಆಧಾರವಾಗುವ ಸಾಂದರ್ಭಿಕ ಸಾಕ್ಷ್ಯದ ವಿಷಯದಲ್ಲಿ ಇಂದಿಗೂ ಎಲ್ಲರೂ ಮೊರೆಹೋಗುವ ತೀರ್ಪು 1984ರ ಶರದ್ ಬಿರ್ಧಿಚಂದ್ ಸಾರ್ದಾ ಪ್ರಕರಣದ್ದು. ಪ್ರತಿಯೊಂದು ಸಂಗತಿಯೂ ಪೂರ್ಣವಾಗಿ ಸಾಬೀತಾಗಬೇಕು, ಸಂಗತಿಗಳೆಲ್ಲ ಸೇರಿ ಆರೋಪಿಯ ತಪ್ಪನ್ನು ಬಿಟ್ಟು ಬೇರಾವ ಊಹೆಗೂ ಎಡೆಗೊಡದಷ್ಟು ಬಿಗಿಯಾದ ಸರಪಳಿಯಾಗಬೇಕು ಎಂಬುದು ಅದರ ಸಾರ. ಅದಕ್ಕೂ ಮೊದಲು 1973ರಲ್ಲೇ ಮಹಾರಾಷ್ಟ್ರದ ಇನ್ನೊಂದು ಮೇಲ್ಮನವಿಯಲ್ಲಿ, ‘ತಪ್ಪಿತಸ್ಥನಿರಬಹುದು’ ಎಂಬುದಕ್ಕೂ ‘ತಪ್ಪಿತಸ್ಥನಿರಲೇಬೇಕು’ ಎಂಬುದಕ್ಕೂ ನಡುವಿನ ದೂರ ಬಹಳ ದೊಡ್ಡದು ಎಂದು ನ್ಯಾಯಾಲಯ ಹೇಳಿತ್ತು. ನಮ್ಮ ಭಾಷೆಯಲ್ಲಿ ಆ ದೂರ ಒಂದು ಪ್ರತ್ಯಯದಷ್ಟು. ನಿಮ್ಮ ಕಥೆಯ ನಿರೂಪಕ ಅದನ್ನು ಗಮನಿಸದೆ ದಾಟಿಬಿಡುತ್ತಾನೆ: ಎಂಟನೆಯ ಪುಟದಲ್ಲಿ ಇನ್‌ಸ್ಪೆಕ್ಟರ್ ‘ದುಡ್ಡು ತಿಂದಿರಬಹುದು’, ಹತ್ತನೆಯ ಪುಟದಲ್ಲಿ ‘ತಿಂದೇ ಇರಬೇಕು’, ಹನ್ನೆರಡರಲ್ಲಿ ‘ತಿಂದಿದ್ದ’. ನಡುವೆ ಹೊಸ ಸಂಗತಿ ಒಂದೂ ಸೇರಿಲ್ಲ. ಕೆಲಸಗಾರನಿಗೆ ಪೊಲೀಸರು ಮಾಡಿದ ಅನ್ಯಾಯವನ್ನೇ ನೀವು ಇನ್‌ಸ್ಪೆಕ್ಟರಿಗೆ ಮಾಡಿದ್ದೀರಿ. ಲಂಚವನ್ನು ಕೈಬಿಡಿ. ಠಾಣೆಯಲ್ಲಿ ಇರುವ ನಾಲ್ಕು ಜನರಿಗೆ ಹತ್ತು ಜನರ ಕೆಲಸ, ಹಿಂದಿನ ಮಹಜರನ್ನೇ ನಕಲು ಮಾಡುವ ಅಭ್ಯಾಸ, ಬೇಗ ಮುಗಿಸಿ ಎಂಬ ಮೇಲಿನ ಒತ್ತಡ, ಇವು ಸಾಕು.

ಸಣ್ಣ ತಿದ್ದುಪಡಿಗಳು ಇನ್ನೆರಡಿವೆ. ಕೊಲೆ ನಡೆದದ್ದು 2017ರಲ್ಲಿ ಎಂದಿರುವುದರಿಂದ, ಹಳೆಯ ದಂಡ ಸಂಹಿತೆಯ ಬದಲಿಗೆ ಬಂದ ಭಾರತೀಯ ನ್ಯಾಯ ಸಂಹಿತೆ ಅದಕ್ಕೆ ಅನ್ವಯಿಸದು, ಅದು ಜಾರಿಗೆ ಬಂದದ್ದೇ 2024ರ ಜುಲೈ 1ರಂದು. ಇನ್ನು ಆರೋಪಿ ಪೊಲೀಸರ ಮುಂದೆ ಕೊಟ್ಟ ಸ್ವಇಚ್ಛಾ ಹೇಳಿಕೆಯ ವಿಷಯ. ‘ಈ ಚಾಕುವಿನಿಂದ ಕೊಂದೆ, ಬಚ್ಚಿಟ್ಟ ಜಾಗ ತೋರಿಸುತ್ತೇನೆ’ ಎಂಬ ಇಡೀ ವಾಕ್ಯವನ್ನು ನಿಮ್ಮ ಸೆಷನ್ಸ್ ನ್ಯಾಯಾಧೀಶರು ಸಾಕ್ಷ್ಯವಾಗಿ ಸ್ವೀಕರಿಸುತ್ತಾರೆ. ಆಗ ಜಾರಿಯಲ್ಲಿದ್ದ 1872ರ ಸಾಕ್ಷ್ಯ ಅಧಿನಿಯಮದ 27ನೆಯ ಕಲಮಿನಡಿ ಉಳಿಯುವುದು ವಸ್ತು ಪತ್ತೆಗೆ ಕಾರಣವಾದ ಮಾತು ಮಾತ್ರ, ಕೊಂದೆ ಎಂಬ ಭಾಗ ಬಿದ್ದುಹೋಗುತ್ತದೆ. ಪುಲುಕುರಿ ಕೊಟ್ಟಯ್ಯ ಪ್ರಕರಣದಲ್ಲಿ, ಆಗ ಕೊನೆಯ ಮೇಲ್ಮನವಿ ಕೇಳುತ್ತಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಇದನ್ನು ಸ್ಪಷ್ಟಪಡಿಸಿದ್ದು ಸ್ವಾತಂತ್ರ್ಯಕ್ಕೂ ಮೊದಲು. ನ್ಯಾಯಾಧೀಶರು ಬೇಕೆಂದೇ ತಪ್ಪಿದರು ಎಂದು ನೀವು ತೋರಿಸುವುದಾದರೆ, ಮೇಲ್ಮನವಿಯಲ್ಲಿ ಆ ತಪ್ಪು ಮಾತಿಗೆ ಬರಬೇಕು.

ನನ್ನನ್ನು ನಿಜವಾಗಿ ಕಾಡಿದ್ದು ಸತ್ತವನ ಹೆಂಡತಿ. ಎರಡನೆಯ ಪುಟದಲ್ಲಿ ಶವಾಗಾರದ ಬಾಗಿಲಲ್ಲಿ ಗಂಡನ ಚಪ್ಪಲಿ ಗುರುತಿಸಿದವಳು ಮತ್ತೆ ಕಾಣುವುದೇ ಇಲ್ಲ. ಕೊನೆಯ ಪುಟದಲ್ಲಿ ಹಾರ, ಸಿಹಿ, ವಕೀಲೆಯ ಭಾಷಣ. ಹಾಗಾದರೆ ಆಕೆಯ ಗಂಡನನ್ನು ಕೊಂದವರು ಯಾರು? 2014ರ ಜನವರಿಯಲ್ಲಿ ಗುಜರಾತಿನ ಪ್ರಕರಣವೊಂದರಲ್ಲಿ ಆರೋಪಿಯ ಖುಲಾಸೆಯನ್ನು ಎತ್ತಿಹಿಡಿಯುತ್ತಲೇ ಸುಪ್ರೀಂ ಕೋರ್ಟ್, ಖುಲಾಸೆಯಾದಾಗಲೆಲ್ಲ ತನಿಖೆ ಎಲ್ಲಿ ತಪ್ಪಿತೆಂದು ಪರಿಶೀಲಿಸಿ ಹೊಣೆ ಗೊತ್ತುಪಡಿಸುವ ವ್ಯವಸ್ಥೆ ರೂಪಿಸಿ ಎಂದು ರಾಜ್ಯಗಳಿಗೆ ಸೂಚಿಸಿತ್ತು. ಕೆಟ್ಟ ತನಿಖೆ ಜೈಲಿನಲ್ಲಿದ್ದವನಿಗೆಷ್ಟೋ ಆ ಹೆಂಗಸಿಗೂ ಅಷ್ಟೇ ದ್ರೋಹ. ಭಾಷಣ ತೆಗೆದು ಆಕೆಯನ್ನು ಹೈಕೋರ್ಟಿನ ಕಾರಿಡಾರಿಗೆ ಕರೆತನ್ನಿ.

ತಿದ್ದುವ ಮೊದಲು ಸಿಟಿ ಸಿವಿಲ್ ಕೋರ್ಟ್ ಸಂಕೀರ್ಣದಲ್ಲಿ ಯಾವುದಾದರೂ ಸೆಷನ್ಸ್ ವಿಚಾರಣೆಗೆ ಒಂದು ದಿನ ಕೂತು ಬನ್ನಿ, ಪಂಚ ಸಾಕ್ಷಿಗಳು ಮಾತಾಡುವ ಧಾಟಿಯನ್ನು ಕಿವಿಯಾರೆ ಕೇಳಿ.

ಇನ್ನೊಂದು ವಿಷಯಕ್ಕೆ ನಿಮ್ಮ ಉತ್ತರ ಬೇಕು. ಮೂರನೆಯ ಪುಟದಲ್ಲಿ ಆ ರಾತ್ರಿ ಟೀ ಅಂಗಡಿಯ ಷಟರ್ ಒಂಬತ್ತಕ್ಕೆ ಬೀಳುತ್ತದೆ. ಹನ್ನೊಂದನೆಯ ಪುಟದಲ್ಲಿ, ಇಬ್ಬರೂ ಅಂಗಡಿಯಲ್ಲಿ ಟೀ ಕುಡಿಯುತ್ತಿದ್ದುದನ್ನು ಒಂಬತ್ತೂವರೆಗೆ ಕಂಡೆ ಎಂದು ಸಾಕ್ಷಿ ನುಡಿಯುತ್ತಾನೆ. ಇದು ನೀವು ಬೇಕೆಂದೇ ಇಟ್ಟದ್ದೋ, ಕೈತಪ್ಪಿ ಬಂದದ್ದೋ ನನಗೆ ತಿಳಿಯಲಿಲ್ಲ. ಬೇಕೆಂದೇ ಇಟ್ಟಿದ್ದರೆ ನಿಮ್ಮ ವಕೀಲೆ ಹದಿನಾಲ್ಕು ಪುಟಗಳಲ್ಲಿ ಎಲ್ಲಿಯೂ ಅದನ್ನು ಎತ್ತಿಲ್ಲ. ಕೈತಪ್ಪಿದ್ದರೆ ತಿದ್ದಬೇಡಿ, ಹೊಸ ಕರಡನ್ನು ಅಲ್ಲಿಂದಲೇ ಶುರುಮಾಡಿ.

ವಿಶ್ವಾಸದಿಂದ,
ಸಂಪಾದಕ